ಒಂದು ದಿನ, ಐದು ತಾಣ: ಬೀಜಿಂಗ್‌ನಲ್ಲಿ ಇದು ಆಗದ ಮಾತು

ಮಾನ್ಯರೇ,

ಸಂಡೂರಿನ ಅದಿರು ನಮ್ಮೂರಿನ ಜನಕ್ಕಿಂತ ಮೊದಲೇ ಚೀನಾ ನೋಡಿ ಬಂತು. ಈಗ ಜನರ ಸರದಿ. ಕ್ಯಾಂಟನ್ ಮೇಳವೆಂಬ ದೊಡ್ಡ ವ್ಯಾಪಾರ ಸಂತೆಗೆಂದು ದಕ್ಷಿಣ ಚೀನಾದ ಗುವಾಂಗ್‌ಝೌಗೆ ಹೊರಡುವ ಬಳ್ಳಾರಿಯ ಜೀನ್ಸ್ ಉದ್ಯಮಿಗಳು, ಗಂಗಾವತಿ, ಕಾರಟಗಿ, ಸಿಂಧನೂರು ಕಡೆಯ ಅಕ್ಕಿ ಗಿರಣಿಯವರು ‘ಅಷ್ಟು ದೂರ ಹೋದ ಮೇಲೆ ಬೀಜಿಂಗ್ ಅರಮನೆ ನೋಡದೆ ಬರುವುದೇ?’ ಎಂದು ಕೇಳುವುದು ಸಹಜ. ಅಂಥವರ ಮೊಬೈಲಿಗೆ ಬಂದು ಬೀಳುತ್ತಿರುವ ಪ್ಯಾಕೇಜ್ ಪಟ್ಟಿಗಳನ್ನು ನೋಡಿಯೇ ಈ ಪತ್ರ. ತಿಯಾನನ್ಮೆನ್ ಚೌಕ, ಫರ್ಬಿಡನ್ ಸಿಟಿ ಎಂಬ ಹಳೆಯ ಅರಮನೆ, ಟೆಂಪಲ್ ಆಫ್ ಹೆವನ್, ಸಮ್ಮರ್ ಪ್ಯಾಲೇಸ್, ಮಹಾಗೋಡೆ ಐದೂ ಒಂದೇ ದಿನದಲ್ಲಿ, ಖಾಸಗಿ ಗೈಡ್ ಸಮೇತ ಎಂದು ಬರೆದಿರುತ್ತದೆ. ಚೀನಾ ಪ್ರವಾಸದ ವ್ಯವಸ್ಥೆ ಬಲ್ಲವರಾಗಿ ನಾವು ಹೇಳುವುದಿಷ್ಟೇ: ಎರಡು ದಿನ ಇಟ್ಟುಕೊಳ್ಳಿ, ಮೂರು ತಾಣ ನೋಡಿ, ಉಳಿದದ್ದನ್ನು ಬಿಡಿ. ಗೈಡ್ ಎಷ್ಟೇ ಚುರುಕಾಗಿರಲಿ, ಕಾರು ಎಷ್ಟೇ ದೊಡ್ಡದಿರಲಿ, ಅಲ್ಲಿ ನಿಮ್ಮ ದಿನ ನಡೆಯುವುದು ವಾರ, ಬಾಗಿಲು ಮತ್ತು ಪಾಸ್‌ಪೋರ್ಟ್ ನಂಬರಿನ ಮೇಲೆ.

ಲೆಕ್ಕ ಹಾಕಿ ನೋಡಿ. ಫರ್ಬಿಡನ್ ಸಿಟಿ ತೆರೆಯುವುದು ಬೆಳಿಗ್ಗೆ 8:30ಕ್ಕೆ. ಒಳಗೆ ದಕ್ಷಿಣದಿಂದ ಉತ್ತರಕ್ಕೆ ನೇರ ಅಳತೆ 961 ಮೀಟರ್. ಮೆಟ್ಟಿಲು ಹತ್ತಿ ಇಳಿದು, ಪಕ್ಕದ ಒಂದೆರಡು ಅಂಗಳ ಹೊಕ್ಕು ಬಂದರೆ ನಾಲ್ಕು ಕಿಲೋಮೀಟರ್ ನಡಿಗೆ ಆಗಿಯೇ ತೀರುತ್ತದೆ. ಮೂರೂವರೆ ಗಂಟೆಗಿಂತ ಕಮ್ಮಿಯಲ್ಲಿ ಮುಗಿಸಿದವರು ನೋಡಿದ್ದು ಮುಂದಿನವರ ಬೆನ್ನು ಮಾತ್ರ. ಮುತಿಯಾನ್ಯು ಬಳಿಯ ಮಹಾಗೋಡೆ ನಗರದಿಂದ ಸುಮಾರು 70 ಕಿಲೋಮೀಟರ್. ರಸ್ತೆ ಖಾಲಿ ಇದ್ದರೂ ಹೋಗಿ ಬರಲು ಮೂರು ಗಂಟೆ, ಮೇಲೆ ಕನಿಷ್ಠ ಎರಡು ಗಂಟೆ, ಕೇಬಲ್ ಕಾರಿನ ಸಾಲು ಬೇರೆ. ಇವೆರಡೇ ಹಗಲನ್ನು ನುಂಗಿಬಿಡುತ್ತವೆ. ‘ಐದು ತಾಣ’ ಎಂದವರು ಉಳಿದ ಮೂರನ್ನು ಹೇಗೆ ತೋರಿಸುತ್ತಾರೆ ಎಂದರೆ, ಒಂದರ ಹೊರಗಿನ ಉದ್ಯಾನ, ಇನ್ನೊಂದರ ಬಾಗಿಲಲ್ಲಿ ಫೋಟೊ, ಮತ್ತೊಂದು ಕಾರಿನ ಕಿಟಕಿಯಿಂದ.

ಖಾಸಗಿ ಗೈಡ್ ಇದ್ದರೆ ಸಾಲು ತಪ್ಪುತ್ತದೆ ಎಂಬ ನಂಬಿಕೆಯೂ ಬೇಡ. ತಪಾಸಣೆ ಎಲ್ಲರಿಗೂ ಒಂದೇ. ಗೈಡ್‌ನಿಂದ ಉಳಿಯುವ ಸಮಯ ಬೇರೆ ಕಡೆಯದು: ಯಾವ ಗೇಟು, ಯಾವ ದಾರಿ, ಎಲ್ಲಿ ನಿಲ್ಲಬೇಕು, ಯಾವುದನ್ನು ಬಿಡಬೇಕು ಎಂಬುದು.

ಮೊದಲು ಕ್ಯಾಲೆಂಡರ್. ಸೋಮವಾರ ಫರ್ಬಿಡನ್ ಸಿಟಿಗೆ ರಜೆ, ಸರಕಾರಿ ರಜಾದಿನ ಬಿದ್ದರೆ ಮಾತ್ರ ವಿನಾಯಿತಿ. ಟೆಂಪಲ್ ಆಫ್ ಹೆವನ್‌ನ ಉದ್ಯಾನ ಸೋಮವಾರ ತೆರೆದಿರುತ್ತದೆ, ಆದರೆ ನೋಡಬೇಕಾದ ಮುಖ್ಯ ಕಟ್ಟಡಗಳು ಮುಚ್ಚಿರುತ್ತವೆ. ಪಟ್ಟಿಯಲ್ಲಿ ‘ಪ್ರವೇಶ ಸೇರಿದೆ’ ಎಂದು ಬರೆದು ಸೋಮವಾರ ಕರೆದೊಯ್ದು ಹುಲ್ಲುಹಾಸು ತೋರಿಸಿದರೆ ಸುಳ್ಳು ಹೇಳಿದಂತೆಯೂ ಆಗುವುದಿಲ್ಲ! ನಿಮ್ಮ ಎರಡು ದಿನದಲ್ಲಿ ಒಂದು ಸೋಮವಾರವಾದರೆ ಅದನ್ನು ಮಹಾಗೋಡೆಗೆ ಇಡಿ.

ಮೇಳದ ದಿನಾಂಕಗಳನ್ನು ಇದರ ಜೊತೆ ಕೂಡಿಸಿ ನೋಡಬೇಕು. ಕ್ಯಾಂಟನ್ ಮೇಳ ವರ್ಷಕ್ಕೆ ಎರಡು ಬಾರಿ, ಏಪ್ರಿಲ್ 15 ಮತ್ತು ಅಕ್ಟೋಬರ್ 15ರಿಂದ, ಐದೈದು ದಿನದ ಮೂರು ಹಂತಗಳಲ್ಲಿ, ನಡುನಡುವೆ ಬಿಡುವು ಬಿಟ್ಟು ನಡೆಯುತ್ತದೆ. ಯಂತ್ರೋಪಕರಣ ಮೊದಲ ಹಂತದಲ್ಲಿ, ಉಡುಪು ಮತ್ತು ಜವಳಿ ಮೂರನೆಯದರಲ್ಲಿ. ಅಂದರೆ ಜೀನ್ಸ್‌ನವರ ವಸಂತದ ಹಂತ ಮೇ 1ರಿಂದ 5. ಅದೇ ದಿನಗಳಲ್ಲಿ ಚೀನಾದಲ್ಲಿ ಕಾರ್ಮಿಕ ದಿನದ ರಜೆ, ಇಡೀ ದೇಶ ಬೀಜಿಂಗ್ ಕಡೆ ನುಗ್ಗಿರುತ್ತದೆ. ಮೇಳವನ್ನು ಒಂದು ದಿನ ಮೊದಲೇ ಬಿಟ್ಟು 4, 5ಕ್ಕೆ ಅರಮನೆ ನೋಡುತ್ತೇವೆ ಎನ್ನುವವರಿಗೆ ಟಿಕೆಟೇ ಸಿಗುವುದಿಲ್ಲ. ಮೇ 6 ಕಳೆದ ಮೇಲೆ ಹೋಗಿ. ಅಕ್ಕಿ ಗಿರಣಿಯವರಿಗೆ ಈ ತೊಂದರೆ ಇಲ್ಲ. ಶರತ್ಕಾಲದಲ್ಲಿ ಅಕ್ಟೋಬರ್ 1ರಿಂದ ಬರುವ ರಾಷ್ಟ್ರೀಯ ರಜೆ ಮೊದಲ ಹಂತ ಶುರುವಾಗುವ ಹೊತ್ತಿಗೆ ಮುಗಿದಿರುತ್ತದೆ. ನಮ್ಮನ್ನು ಕೇಳಿದರೆ ಎಲ್ಲಕ್ಕಿಂತ ಒಳ್ಳೆಯದು ನವೆಂಬರ್ ಮೊದಲ ವಾರ. ಜನ ಕಮ್ಮಿ, ಆಕಾಶ ತಿಳಿ, ನವೆಂಬರ್ 1ರಿಂದ ದರವೂ ಇಳಿದಿರುತ್ತದೆ. ಚಳಿ ಮಾತ್ರ ಬಳ್ಳಾರಿ ಮೈಗೆ ಹೊಸದು, ಸ್ವೆಟರ್ ಮೇಲೆ ಇನ್ನೊಂದು ಪದರ ಬೇಕು.

ಈಗ ಟಿಕೆಟ್ಟು. ಹೆಚ್ಚಿನವರ ಪ್ರವಾಸ ಕೆಡುವುದು ಇಲ್ಲೇ, ಆದ್ದರಿಂದ ತುಸು ವಿವರವಾಗಿ ಬರೆಯಬೇಕು. ಫರ್ಬಿಡನ್ ಸಿಟಿಯ ಬಾಗಿಲಲ್ಲಿ ಟಿಕೆಟ್ ಕೊಳ್ಳುವ ಪದ್ಧತಿ ಹೋಗಿದೆ. ಏಳು ದಿನ ಮೊದಲು, ಬೀಜಿಂಗ್ ಸಮಯ ರಾತ್ರಿ 8ಕ್ಕೆ, ಅಂದರೆ ನಮ್ಮ ಸಂಜೆ 5:30ಕ್ಕೆ ಆ ದಿನದ ಟಿಕೆಟ್‌ಗಳು ಆನ್‌ಲೈನ್‌ನಲ್ಲಿ ತೆರೆಯುತ್ತವೆ. ಬೆಳಿಗ್ಗೆಯದು, ಮಧ್ಯಾಹ್ನದ್ದು ಎಂದು ಎರಡು ಸರದಿ. ರಜೆಯ ಹತ್ತಿರ ಬೆಳಗಿನ ಸರದಿ ನೋಡನೋಡುತ್ತಲೇ ಖಾಲಿಯಾಗುತ್ತದೆ. ದರ ಏಪ್ರಿಲ್‌ನಿಂದ ಅಕ್ಟೋಬರ್‌ವರೆಗೆ 60 ಯುವಾನ್, ನವೆಂಬರ್‌ನಿಂದ ಮಾರ್ಚ್‌ವರೆಗೆ 40. ಖಜಾನೆ ವಿಭಾಗಕ್ಕೆ ಇನ್ನೂ 10, ಗಡಿಯಾರ ವಿಭಾಗಕ್ಕೆ ಇನ್ನೂ 10. ಖಜಾನೆಯದನ್ನು ಮುಖ್ಯ ಟಿಕೆಟ್ಟಿನ ಜೊತೆಗೇ ಸೇರಿಸಿ ಕೊಳ್ಳಿ. ತಿಯಾನನ್ಮೆನ್ ಚೌಕ ಉಚಿತವಾದರೂ ಅದಕ್ಕೆ ಬೇರೆಯೇ ಮುಂಗಡ ನೋಂದಣಿ ಬೇಕು. ಅರಮನೆ ಟಿಕೆಟ್ ಇದ್ದ ಮಾತ್ರಕ್ಕೆ ಚೌಕದ ಒಳಗೆ ಬಿಡುತ್ತಾರೆ ಎಂದು ತಿಳಿಯಬೇಡಿ.

ಟಿಕೆಟ್ ಎನ್ನುವುದು ಪ್ರತಿಯೊಬ್ಬರ ಪಾಸ್‌ಪೋರ್ಟ್ ನಂಬರಿಗೆ ಅಂಟಿಕೊಂಡಿರುತ್ತದೆ. ಮಕ್ಕಳ ಹೆಸರೂ ಬುಕಿಂಗ್‌ನಲ್ಲಿ ಇರಬೇಕು. ಗೇಟಿನಲ್ಲಿ ನೋಡುವುದು ಮೂಲ ಪಾಸ್‌ಪೋರ್ಟನ್ನೇ, ಜೆರಾಕ್ಸ್ ಅಥವಾ ಫೋನಿನ ಫೋಟೊ ನಡೆಯುವುದಿಲ್ಲ. ನಮ್ಮ ಕಡೆಯವರಿಗೆ ಎರಡು ತೊಡಕು ಬರುತ್ತವೆ. ಒಂದು ಹೆಸರಿನದು. ನಮ್ಮಲ್ಲಿ ಅನೇಕರ ಪಾಸ್‌ಪೋರ್ಟ್‌ನಲ್ಲಿ ಸರ್‌ನೇಮ್ ಜಾಗ ಖಾಲಿ, ಊರಿನ ಹೆಸರು, ತಂದೆಯ ಹೆಸರು ಎಲ್ಲ ಒಂದೇ ಸಾಲಿನಲ್ಲಿರುತ್ತವೆ. ಏಜೆಂಟ್ ಆಧಾರ್ ಕಾರ್ಡ್ ನೋಡಿಕೊಂಡು ಇನಿಷಿಯಲ್ ಹಾಕಿ ಬುಕ್ ಮಾಡಿದರೆ ವಿಮಾನದಲ್ಲೂ ತಕರಾರು, ಅರಮನೆಯಲ್ಲೂ ತಕರಾರು. ಪಾಸ್‌ಪೋರ್ಟ್‌ನಲ್ಲಿ ಅಕ್ಷರ ಹೇಗಿದೆಯೋ ಹಾಗೆಯೇ ಇರಲಿ. ಇನ್ನೊಂದು ನಂಬರಿನದು. ಅವಧಿ ಮುಗಿಯಿತೆಂದು ಪಾಸ್‌ಪೋರ್ಟ್ ನವೀಕರಿಸಿದರೆ ನಂಬರು ಬದಲಾಗುತ್ತದೆ. ಏಜೆಂಟ್ ಬಳಿ ಹಳೆಯ ಪ್ರತಿ ಉಳಿದುಬಿಟ್ಟಿದ್ದರೆ ಐವರಲ್ಲಿ ನಾಲ್ವರು ಒಳಗೆ, ಒಬ್ಬರು ಹೊರಗೆ. ಗೈಡ್ ಅಲ್ಲಿ ಏನೂ ಮಾಡಲಾರ.

ವೀಸಾ ಬಗ್ಗೆ ಒಂದು ಸಾಲು. ಚೀನಾ 240 ಗಂಟೆಗಳ ವೀಸಾ ಇಲ್ಲದೆ ತಂಗಿ ಮುಂದಿನ ದೇಶಕ್ಕೆ ಹೋಗುವ ಸೌಲಭ್ಯ ಕೊಟ್ಟಿರುವ 55 ದೇಶಗಳ 2025ರ ಪಟ್ಟಿಯಲ್ಲಿ ಭಾರತವಿಲ್ಲ. ಯೂಟ್ಯೂಬ್‌ನಲ್ಲಿ ಅಮೆರಿಕದವರು ಹೇಳಿದ್ದನ್ನು ಕೇಳಿ ಹೊರಡಬೇಡಿ.

ಅರಮನೆಯ ಒಳಗಿನ ದಾರಿಗೆ ಬರೋಣ. ಪ್ರವೇಶ ದಕ್ಷಿಣದ ವುಮೆನ್ ಬಾಗಿಲಿಂದ ಮಾತ್ರ, ಹೊರಬರುವುದು ಉತ್ತರದ ಶೆನ್‌ವುಮೆನ್ ಅಥವಾ ಪೂರ್ವದ ಡೊಂಗ್‌ಹುವಾಮೆನ್‌ನಿಂದ. ಹಿಂದಕ್ಕೆ ಬಂದು ವುಮೆನ್‌ನಿಂದ ಇಳಿಯುತ್ತೇವೆ ಎಂದರೆ ಆಗದು. ಆದ್ದರಿಂದ ಬಿಟ್ಟ ಜಾಗಕ್ಕೆ ಮತ್ತೆ ತಿರುಗುವ ಆಸೆ ಇಟ್ಟುಕೊಳ್ಳದೆ ಮುಂಚೆಯೇ ತೀರ್ಮಾನಿಸಿಕೊಳ್ಳಿ. ನಡುವಿನ ಮೂರು ಸಭಾಂಗಣಗಳಿಗೆ, ಅಂದರೆ ತೈಹೆ, ಝೊಂಗ್‌ಹೆ, ಬಾವೊಹೆಗಳಿಗೆ ಮುಕ್ಕಾಲು ಗಂಟೆ ಸಾಕು. ಒಳಗೆ ಕಾಲಿಡಲು ಬಿಡುವುದಿಲ್ಲ, ಬಾಗಿಲಲ್ಲಿ ನಿಂತು ಸಿಂಹಾಸನ ಇಣುಕುವುದಷ್ಟೇ. ಆ ಇಣುಕಿಗೆ ಹತ್ತು ನಿಮಿಷ ನೂಕಾಡುವ ಬದಲು ಹೊರಗಿನದನ್ನು ನೋಡಿ. ತೈಹೆಯ ಸೂರಿನ ಮೂಲೆಯಲ್ಲಿ ಸಾಲಾಗಿ ಕೂತ ಪುಟ್ಟ ಪ್ರಾಣಿಗಳು ಹತ್ತು. ಬೇರೆ ಕಟ್ಟಡಗಳಲ್ಲಿ ದರ್ಜೆಗೆ ತಕ್ಕಂತೆ ಒಂಬತ್ತು, ಏಳು, ಐದು, ಹೀಗೆ. ಹತ್ತು ಇರುವುದು ಇದೊಂದಕ್ಕೇ. ಅಂಗಳದಲ್ಲಿರುವ ದೊಡ್ಡ ಲೋಹದ ಕೊಪ್ಪರಿಗೆಗಳು ಬೆಂಕಿ ಆರಿಸುವ ನೀರಿಗೆ. ಚಳಿಗಾಲದಲ್ಲಿ ನೀರು ಹೆಪ್ಪುಗಟ್ಟದಂತೆ ಅಡಿಯಲ್ಲಿ ಕಾಯಿಸುತ್ತಿದ್ದರು.

ಗೈಡ್‌ಗಳು ಇಷ್ಟಪಟ್ಟು ಹೇಳುವ ಕತೆಯೆಂದರೆ ಇಲ್ಲಿ 9,999 ಕೋಣೆ ಮತ್ತೊಂದು ಅರ್ಧ ಇದೆ ಎಂಬುದು. ಅಳೆದು ಎಣಿಸಿದಾಗ ಸಿಕ್ಕಿದ್ದು ಸುಮಾರು 8,700. ಕತೆ ಕೇಳಲು ಚೆನ್ನ, ನಂಬಬೇಕಿಲ್ಲ.

ಬಾವೊಹೆಯ ಹಿಂಬದಿಯ ಇಳಿಜಾರಿನಲ್ಲಿ ಕೆತ್ತಿದ ಒಂದೇ ಕಲ್ಲಿದೆ. ಉದ್ದ 16.57 ಮೀಟರ್, ಅಗಲ 3.07 ಮೀಟರ್, ತೂಕ 200 ಟನ್ನಿಗೂ ಮೇಲೆ. ಹಂಪಿ, ಆನೆಗೊಂದಿಯ ಕಲ್ಲು ನೋಡಿ ಬೆಳೆದವರು ಇಲ್ಲಿ ನಿಲ್ಲಲೇಬೇಕು. ನಗರದ ನೈರುತ್ಯಕ್ಕಿರುವ ಫಾಂಗ್‌ಶಾನ್ ಗಣಿಯಿಂದ ಇದನ್ನು ತಂದದ್ದು ಚಳಿಗಾಲದಲ್ಲಿ, ದಾರಿಯುದ್ದಕ್ಕೂ ಬಾವಿ ತೋಡಿ, ನೀರೆತ್ತಿ ಚೆಲ್ಲಿ, ಹೆಪ್ಪುಗಟ್ಟಿದ ಮಂಜಿನ ಮೇಲೆ ಜಾರಿಸಿಕೊಂಡು. ಬಹುಪಾಲು ಗುಂಪುಗಳು ಇದಕ್ಕೆ ಬೆನ್ನು ಹಾಕಿ ಇಳಿದು ಹೋಗುತ್ತವೆ.

ಗೈಡ್ ಹೇಳದ, ನಮ್ಮವರಿಗೆ ಮಾತ್ರ ಹತ್ತಿರವಾಗುವ ಸಂಗತಿ ಇನ್ನೊಂದಿದೆ. ಮಿಂಗ್ ದೊರೆ ಯೊಂಗ್ಲೆ ಈ ಅರಮನೆ ಕಟ್ಟಿಸಿದ್ದು 1406ರಿಂದ 1420ರವರೆಗೆ. ವಿಜಯನಗರದಲ್ಲಿ ಒಂದನೇ ದೇವರಾಯ ಪಟ್ಟಕ್ಕೆ ಬಂದದ್ದೂ 1406ರಲ್ಲೇ. ಹೆರಾತ್‌ನಿಂದ ಆಳುತ್ತಿದ್ದ ಶಾರುಖ್ ಎಂಬ ತಿಮೂರಿ ದೊರೆ ಬೀಜಿಂಗ್‌ಗೆ ಕಳಿಸಿದ ರಾಯಭಾರಿ ತಂಡದಲ್ಲಿದ್ದ ಗಿಯಾಸುದ್ದೀನ್ ನಕ್ಕಾಶ್ ಈ ಹೊಸ ಅರಮನೆಯನ್ನೂ, 1421ರಲ್ಲಿ ಸಿಡಿಲಿನಿಂದ ಅದಕ್ಕೆ ಹತ್ತಿದ ಬೆಂಕಿಯನ್ನೂ ಬರೆದಿಟ್ಟ. ಅದೇ ಶಾರುಖ್ ಕಳಿಸಿದ ಅಬ್ದುಲ್ ರಜಾಕ್ 1443ರಲ್ಲಿ ಹಂಪಿಗೆ ಬಂದು ಏಳು ಸುತ್ತಿನ ಕೋಟೆ, ಮಹಾನವಮಿ ಬರೆದ. ಒಬ್ಬನೇ ದೊರೆಯ ಕಣ್ಣುಗಳು ಎರಡೂ ರಾಜಧಾನಿ ನೋಡಿವೆ. ಹಂಪಿಯಲ್ಲಿ ಉಳಿದದ್ದು ಕಲ್ಲಿನ ಜಗತಿ, ಮೇಲಿನ ಮರ ಹೋಯಿತು. ಇಲ್ಲಿ ಮರವನ್ನು ಸುಟ್ಟಾಗಲೆಲ್ಲ ಮತ್ತೆ ಕಟ್ಟಿದರು. ಈಗ ನಿಂತಿರುವ ತೈಹೆ ಸಭಾಂಗಣ 1690ರ ದಶಕದ್ದು. ಹೋಗುವ ಮುಂಚೆ ಒಮ್ಮೆ ಮಹಾನವಮಿ ದಿಬ್ಬದ ಮೇಲೆ ನಿಂತು ಬಂದವರಿಗೆ ಬೀಜಿಂಗ್‌ನ ಮೂರು ಹಂತದ ಬಿಳಿ ಜಗತಿ ಬೇರೆಯೇ ರೀತಿ ಕಾಣುತ್ತದೆ.

ಕೋಣೆಗಳು ಖಾಲಿ ಎಂದು ಗೊಣಗುವವರಿಗೆ: ಜಪಾನಿನ ಭಯದಿಂದ 1933ರಲ್ಲಿ ಸಾವಿರಾರು ಪೆಟ್ಟಿಗೆ ಸಾಮಾನು ದಕ್ಷಿಣಕ್ಕೆ ಸಾಗಿತು, 1948–49ರಲ್ಲಿ ಅದರ ಆಯ್ದ ಭಾಗ ತೈವಾನ್ ಸೇರಿತು. ಉಳಿದದ್ದು ನೋಡಬೇಕೆಂದರೆ ಈಶಾನ್ಯ ಮೂಲೆಯ ಖಜಾನೆ ವಿಭಾಗಕ್ಕೆ ಹೋಗಬೇಕು. 1772ರ ಒಂಬತ್ತು ಡ್ರ್ಯಾಗನ್‌ಗಳ ಹೊಳಪು ಹೆಂಚಿನ ಗೋಡೆಯೂ ಅಲ್ಲೇ. ಇದಕ್ಕೊಂದು ಗಂಟೆ ಬೇಕು. ಅವಸರದ ಗೈಡ್ ಮೊದಲು ಕತ್ತರಿಸುವುದು ಇದನ್ನೇ, ಯಾಕೆಂದರೆ ನೇರ ದಾರಿಯಿಂದ ಪೂರ್ವಕ್ಕೆ ತಿರುಗಿ ಸುತ್ತಬೇಕು.

ಉತ್ತರದ ಬಾಗಿಲಿನ ಎದುರಿಗೇ ಜಿಂಗ್‌ಶಾನ್ ಗುಡ್ಡ. ಕಂದಕ ತೋಡಿದ ಮಣ್ಣು ಸುರಿದು ಮಾಡಿದ್ದು, ಎತ್ತರ 46 ಮೀಟರಿನಷ್ಟು, ಟಿಕೆಟ್ 2 ಯುವಾನ್. ಇಡೀ ಅರಮನೆಯ ಹಳದಿ ಸೂರು ಒಂದೇ ನೋಟಕ್ಕೆ ಸಿಗುವುದು ಇಲ್ಲಿಂದ. ಮಿಂಗ್ ವಂಶದ ಕೊನೆಯ ದೊರೆ ಚೊಂಗ್‌ಝೆನ್ 1644ರಲ್ಲಿ ನೇಣು ಹಾಕಿಕೊಂಡದ್ದೂ ಇದೇ ಗುಡ್ಡದಲ್ಲಿ. ಮಂಡಿನೋವಿನವರು ಕೆಳಗೆ ಕೂರಲಿ, ಉಳಿದವರು ಹತ್ತಲೇಬೇಕು.

ಅದೇ ದಿನ ಮಧ್ಯಾಹ್ನ ಟೆಂಪಲ್ ಆಫ್ ಹೆವನ್. ಇದೂ 1420ರದು, ವಿಸ್ತಾರ 273 ಹೆಕ್ಟೇರ್, ಅರಮನೆಗಿಂತ ಮೂರೂವರೆ ಪಟ್ಟಿಗೂ ಹೆಚ್ಚು. ಆದ್ದರಿಂದ ಗೇಟ್ ತಪ್ಪಿದರೆ ಕಾಲು ಸೋಲುತ್ತದೆ. ದಕ್ಷಿಣದ ಗೇಟಿನಲ್ಲಿ ಇಳಿದು ಉತ್ತರಕ್ಕೆ ನಡೆಯುತ್ತ, ಕಾರನ್ನು ಪೂರ್ವ ಗೇಟಿಗೆ ಕರೆಸಿಕೊಳ್ಳಿ. ಎಲ್ಲ ಕಟ್ಟಡ ಸೇರಿದ ಟಿಕೆಟ್ 34 ಯುವಾನ್, ಚಳಿಗಾಲದಲ್ಲಿ 28. ಉದ್ಯಾನ ಮಾತ್ರದ ಟಿಕೆಟ್ ಹಂಗಾಮಿನಲ್ಲಿ 15. ಏಜೆಂಟರು ಈ 15ರದನ್ನು ಕೊಟ್ಟು ಕೈತೊಳೆದುಕೊಳ್ಳುವುದುಂಟು. ದಕ್ಷಿಣದ ವೃತ್ತಾಕಾರದ ವೇದಿಕೆಯ ಮೇಲ್ಹಂತದಲ್ಲಿ ನಡುಗಲ್ಲಿನ ಸುತ್ತ ಮೊದಲ ಸುತ್ತಿಗೆ 9 ಕಲ್ಲು, ಎರಡನೆಯದಕ್ಕೆ 18, ಹೀಗೆ ಒಂಬತ್ತನೆಯದಕ್ಕೆ 81. ಮಕ್ಕಳಿಂದ ಎಣಿಸಿ. ಉತ್ತರ ತುದಿಯ ಗುಂಡು ಮಂದಿರ ಮೊಳೆಯಿಲ್ಲದ ಮರಗೆಲಸ, 38 ಮೀಟರ್ ಎತ್ತರ, 28 ಕಂಬ: ನಡುವಿನ ನಾಲ್ಕು ಋತುಗಳಿಗೆ, ಹನ್ನೆರಡು ತಿಂಗಳುಗಳಿಗೆ, ಉಳಿದ ಹನ್ನೆರಡು, ದಿನದ ಎರಡೆರಡು ಗಂಟೆಯ ಪಾಲುಗಳಿಗೆ. 1889ರಲ್ಲಿ ಸಿಡಿಲಿಗೆ ಸುಟ್ಟುಹೋಗಿ ಮತ್ತೆ ಎದ್ದದ್ದು. ಮಕರ ಸಂಕ್ರಮಣಕ್ಕೂ ಮುಂಚಿನ, ಹಗಲು ತೀರಾ ಗಿಡ್ಡವಾಗುವ ಡಿಸೆಂಬರ್ ದಿನದಂದು ದೊರೆ ವೇದಿಕೆ ಹತ್ತಿ ಆಕಾಶಕ್ಕೆ ನೈವೇದ್ಯ ಕೊಡುತ್ತಿದ್ದ, ವರ್ಷದ ಮೊದಲ ತಿಂಗಳಲ್ಲಿ ಮಂದಿರದಲ್ಲಿ ಬೆಳೆಗಾಗಿ ಬೇಡುತ್ತಿದ್ದ. ಎಳ್ಳಮಾವಾಸ್ಯೆಗೆ ಹೊಲದಲ್ಲಿ ಚರಗ ಚೆಲ್ಲುವ ನಮ್ಮ ಜನಕ್ಕೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಎರಡನೆಯ ದಿನ ಮಹಾಗೋಡೆ ಅಥವಾ ಸಮ್ಮರ್ ಪ್ಯಾಲೇಸ್, ಒಂದನ್ನು ಆರಿಸಿ. ಮೇ ತಿಂಗಳ ಉದ್ದ ಹಗಲಿನಲ್ಲಿ ಎರಡನ್ನೂ ಹೇಗೋ ತುರುಕಬಹುದು. ನವೆಂಬರ್‌ನಲ್ಲಿ ಸಂಜೆ ಐದರ ಹೊತ್ತಿಗೆ ಬೀಜಿಂಗ್ ಕತ್ತಲು. ಮುತಿಯಾನ್ಯುಗೆ ಹೋಗುವವರು ಬೆಳಿಗ್ಗೆ ಏಳಕ್ಕೆ ಹೊರಡಬೇಕು. ಅಲ್ಲಿ ಕೇಬಲ್ ಕಾರ್ ಮುಟ್ಟುವುದು 14ನೇ ಕಾವಲು ಗೋಪುರ, ತೆರೆದ ಕುರ್ಚಿಯ ಲಿಫ್ಟ್ ಮುಟ್ಟುವುದು 6ನೇದು. ಎರಡೂ ಬೇರೆ ಬೇರೆ ಕಂಪನಿಯವು, ಒಂದರ ವಾಪಸ್ ಟಿಕೆಟ್ ಇನ್ನೊಂದರಲ್ಲಿ ನಡೆಯದು. ವಯಸ್ಸಾದವರಿಗೆ ಕೇಬಲ್ ಕಾರೇ ಸರಿ. ಸಮ್ಮರ್ ಪ್ಯಾಲೇಸ್‌ಗೆ ಸಮಗ್ರ ಟಿಕೆಟ್ 60 ಯುವಾನ್, ಚಳಿಗಾಲದಲ್ಲಿ 50. ಮುಕ್ಕಾಲು ಪಾಲು ನೀರು, 728 ಮೀಟರ್ ಉದ್ದದ ಚಿತ್ರಗಳ ಮೊಗಸಾಲೆ. 1750ರಲ್ಲಿ ಚಿಯೆನ್‌ಲೊಂಗ್ ದೊರೆ ಕಟ್ಟಿಸಿದ್ದನ್ನು 1860ರಲ್ಲಿ ಬ್ರಿಟಿಷ್ ಮತ್ತು ಫ್ರೆಂಚ್ ಸೈನ್ಯ ಹಾಳುಮಾಡಿತು. ಪಕ್ಕದ ಯುವಾನ್‌ಮಿಂಗ್‌ಯುವಾನ್ ಎಂಬ ಅರಮನೆ ಉದ್ಯಾನ ಸುಡಲು ಆಜ್ಞೆ ಕೊಟ್ಟ ಲಾರ್ಡ್ ಎಲ್ಗಿನ್ ಎರಡೇ ವರ್ಷಕ್ಕೆ ಭಾರತದ ವೈಸರಾಯ್ ಆಗಿ ಬಂದ. ಆ ದಂಡಯಾತ್ರೆಯಲ್ಲಿ ಮದ್ರಾಸ್ ಸ್ಯಾಪರ್ಸ್ ಎಂಬ ಭಾರತೀಯ ಎಂಜಿನಿಯರ್ ಪಡೆಯವರೂ ಇದ್ದರು, ‘ಪೆಕಿನ್ 1860’ ಎಂಬ ಯುದ್ಧಗೌರವವೂ ಅವರಿಗೆ ಸಿಕ್ಕಿತು. ಅಲ್ಲಿನ ಗೈಡ್ ಈ ಭಾಗ ಹೇಳುವಾಗ ಭಾರತದವರ ಮುಖ ನೋಡಿ ಮಾತು ನುಂಗುತ್ತಾನೆ. ಕೇಳಿ, ಹೇಳುತ್ತಾನೆ.

ಗೈಡ್ ಎಂದರೆ ಸಾಮಾನ್ಯವಾಗಿ ಇಂಗ್ಲಿಷ್ ಬಲ್ಲವನು. ಗುಂಪಿನಲ್ಲಿ ಒಬ್ಬರು ಅದನ್ನು ಕನ್ನಡಕ್ಕೆ ತಿರುಗಿಸಿ ಹೇಳುವುದಾದರೆ ಎರಡು ಗಂಟೆಯ ವಿವರಣೆ ಮೂರು ಗಂಟೆಯಾಗುತ್ತದೆ. ಇದನ್ನು ಯಾರೂ ಲೆಕ್ಕಕ್ಕೆ ಹಿಡಿಯುವುದಿಲ್ಲ. ಆರಕ್ಕಿಂತ ಹೆಚ್ಚು ಜನ ಬೇಡ. ಗೈಡ್‌ಗೆ ಸರಕಾರಿ ಪರವಾನಗಿ ಇರಬೇಕು, ಅದರ ನಂಬರ್ ಮುಂಚೆಯೇ ಕೇಳಿ. ಬೆಲೆ ನಂಬಲಾರದಷ್ಟು ಅಗ್ಗವಾಗಿದ್ದರೆ ಅದರ ಬಾಕಿ ವಸೂಲಿ ಪಚ್ಚೆ, ರೇಷ್ಮೆ, ಚಹಾ ಅಂಗಡಿಗಳಲ್ಲಿ. ಹಾಗೆ ಅಗ್ಗದ ಬಲೆ ಬೀಸಿ ಅಂಗಡಿಗೆ ಒಯ್ಯುವುದನ್ನು 2013ರ ಚೀನಾ ಪ್ರವಾಸೋದ್ಯಮ ಕಾನೂನಿನ 35ನೇ ವಿಧಿ ನಿಷೇಧಿಸಿದೆ. ಈ ವಿಧಿಯ ಹೆಸರೆತ್ತಿದರೆ ಸಾಕು, ಬಹಳ ಸಲ ಅಂಗಡಿ ಪಟ್ಟಿಯಿಂದ ಮಾಯವಾಗುತ್ತದೆ. ಬೆಲೆಯ ವಿಚಾರದಲ್ಲಿ ಇನ್ನೊಂದು ಅಳತೆಗೋಲು: ಅರಮನೆ, ಖಜಾನೆ, ಗುಡ್ಡ, ಟೆಂಪಲ್ ಆಫ್ ಹೆವನ್, ಸಮ್ಮರ್ ಪ್ಯಾಲೇಸ್ ಎಲ್ಲ ಸೇರಿ ಹಂಗಾಮಿನ ಪ್ರವೇಶದರ 166 ಯುವಾನ್, ಚಳಿಗಾಲದಲ್ಲಿ 130. ಯುವಾನ್‌ಗೆ 12 ರೂಪಾಯಿ ಹಿಡಿದರೆ ಹಂಗಾಮಿನದು ಎರಡು ಸಾವಿರದ ಆಸುಪಾಸು. ‘ಟಿಕೆಟ್ ಖರ್ಚೇ ಜಾಸ್ತಿ ಸಾರ್’ ಎಂದವರಿಗೆ ಈ ಲೆಕ್ಕ ಮುಂದಿಡಿ.

ಹಣ ಮತ್ತು ಫೋನು. ಯುಪಿಐ ನಡೆಯದು. ಅಲ್ಲಿ ಎಲ್ಲರೂ ಬಳಸುವ ವೀಚಾಟ್ ಮತ್ತು ಅಲಿಪೇ ಆ್ಯಪ್‌ಗಳನ್ನು ನಮ್ಮ ಸರಕಾರ 2020ರಲ್ಲೇ ನಿಷೇಧಿಸಿದೆ. ಆದ್ದರಿಂದ ಗುವಾಂಗ್‌ಝೌನಲ್ಲೇ ನಗದು ಯುವಾನ್, ಅದರಲ್ಲೂ 10, 20ರ ನೋಟು ಮಾಡಿಸಿಕೊಳ್ಳಿ. ನಗದು ಬೇಡ ಎನ್ನುವಂತಿಲ್ಲ ಎಂದು ಅಲ್ಲಿ ನಿಯಮವಿದ್ದರೂ ಚಿಲ್ಲರೆ ಇರುವುದಿಲ್ಲ. ಹೋಟೆಲ್ ವೈಫೈಯಲ್ಲಿ ವಾಟ್ಸ್‌ಆ್ಯಪ್ ತೆರೆಯದು, ಭಾರತದ ಸಿಮ್‌ನ ರೋಮಿಂಗ್‌ನಲ್ಲಿ ತೆರೆಯುತ್ತದೆ. ಗುವಾಂಗ್‌ಝೌನಿಂದ ಬೀಜಿಂಗ್‌ಗೆ ವಿಮಾನ ಹತ್ತುವವರು ಪವರ್ ಬ್ಯಾಂಕ್ ನೋಡಿಕೊಳ್ಳಿ: 2025ರ ಜೂನ್ 28ರಿಂದ ಚೀನಾದ ಸುರಕ್ಷತಾ ಮುದ್ರೆಯಾದ ‘3ಸಿ’ ಗುರುತಿಲ್ಲದ ಪವರ್ ಬ್ಯಾಂಕನ್ನು ಚೀನಾದ ಒಳನಾಡು ವಿಮಾನಗಳಲ್ಲಿ ಬಿಡುವುದಿಲ್ಲ. ಇಲ್ಲಿ ಕೊಂಡವುಗಳಲ್ಲಿ ಆ ಗುರುತು ಸಿಗುವುದು ಅಪರೂಪ. ಊಟಕ್ಕೆ ಕಡಕ್ ರೊಟ್ಟಿ, ಶೇಂಗಾ ಚಟ್ನಿಪುಡಿ ಒಯ್ಯಿರಿ. ಪೇಡೆ, ತುಪ್ಪದಂಥ ಹಾಲಿನ ಪದಾರ್ಥ, ಹಸಿ ಹಣ್ಣು ತರಕಾರಿ ಕಸ್ಟಮ್ಸ್‌ನಲ್ಲಿ ಉಳಿಯುತ್ತವೆ.

ಮುಂಗಡ ಕೊಡುವ ಮೊದಲು ಏಜೆಂಟರಿಂದ ಇಷ್ಟನ್ನು ಬರಹದಲ್ಲಿ ಪಡೆಯಿರಿ: ದಿನಾಂಕದ ಪಕ್ಕದಲ್ಲಿ ವಾರ, ಅರಮನೆ ಟಿಕೆಟ್ ಬೆಳಗಿನದೋ ಮಧ್ಯಾಹ್ನದ್ದೋ, ಟೆಂಪಲ್ ಆಫ್ ಹೆವನ್ ಟಿಕೆಟ್ ಉದ್ಯಾನ ಮಾತ್ರದ್ದೋ ಎಲ್ಲ ಕಟ್ಟಡ ಸೇರಿದ್ದೋ, ಗೈಡ್ ಪರವಾನಗಿ ನಂಬರ್, ಅಂಗಡಿ ನಿಲುಗಡೆ ಇಲ್ಲ ಎಂಬ ಒಂದು ಸಾಲು. ಟಿಕೆಟ್ ಆದ ಸಂಜೆಯೇ ಎಲ್ಲರ ಪಾಸ್‌ಪೋರ್ಟ್ ನಂಬರ್ ಕಾಣುವ ಸ್ಕ್ರೀನ್‌ಶಾಟ್ ತರಿಸಿಕೊಂಡು ಪಾಸ್‌ಪೋರ್ಟ್ ಪಕ್ಕದಲ್ಲಿಟ್ಟು ತಾಳೆ ನೋಡಿ. ಕೊನೆಯದಾಗಿ, ಶೆನ್‌ವುಮೆನ್ ಹೊರಗೆ ಕಾರು ನಿಲ್ಲಿಸಲು ಬಿಡುವುದಿಲ್ಲ. ಡ್ರೈವರ್ ಎಲ್ಲಿ ಕಾಯುತ್ತಾನೆ ಎಂಬುದನ್ನು ಚೀನೀ ಲಿಪಿಯಲ್ಲಿ ಬರೆಸಿ ಪ್ರತಿಯೊಬ್ಬರ ಜೇಬಿನಲ್ಲೂ ಒಂದು ಚೀಟಿ ಇರಲಿ.

– ಪ್ರವಾಸ ವ್ಯವಸ್ಥೆಯ ಕೆಲಸದಲ್ಲಿರುವ ಕೆಲವರು, ಬಳ್ಳಾರಿ